ಮೊಂತಾಯುವಿನ ಮಾತುಗಳು ಮತ್ತು ಅವನ್ನು ಆಲಿಸಿದ ಕಿವಿ: ಒಂದು ಗ್ರಂಥ ವಿಮರ್ಶೆ

ನಮ್ಮ ಸೆಮಿನರಿಗಳಲ್ಲಿ ಮಧ್ಯಯುಗದ ಸಭಾಚರಿತ್ರೆಯ ಪಾಠವು ಪೋಪರು, ಚಕ್ರವರ್ತಿಗಳು, ಮಹಾಸಭೆಗಳು ಹಾಗೂ ಸಂನ್ಯಾಸಿ ಸಂಘಗಳ ಸುತ್ತಲೇ ನಡೆಯುತ್ತದೆ. ಆನ್ಸೆಲ್ಮನಿಂದ ಅಕ್ವಿನಾಸನಿಗೆ, ಅಕ್ವಿನಾಸನಿಂದ ಲೂಥರನಿಗೆ ಹೋಗುವ ಹಾದಿಯಲ್ಲಿ ಆ ಕಾಲದ ಸಾಮಾನ್ಯ ವಿಶ್ವಾಸಿಯ ಮನೆ ಎದುರಾಗುವುದೇ ಇಲ್ಲ. ಆತ ಏನು ಉಂಡ, ಸತ್ತವರನ್ನು ಹೇಗೆ ಕಳುಹಿಸಿಕೊಟ್ಟ, ಗುರುಗಳು ರೊಟ್ಟಿಯನ್ನು ಎತ್ತಿ ಹಿಡಿದಾಗ ಅವನ ಮನಸ್ಸಿನಲ್ಲಿ ಏನು ಓಡುತ್ತಿತ್ತು ಎಂಬ ಪ್ರಶ್ನೆಗಳನ್ನು ನಾವು ಕೇಳುವುದಿಲ್ಲ. ಕೇಳಿದರೂ ಉತ್ತರ ಸಿಗುವ ಆಕರಗಳು ಅಪರೂಪ. ಈ ಕಾರಣದಿಂದಲೇ ಫ್ರೆಂಚ್ ಇತಿಹಾಸಕಾರ ಎಮಾನ್ಯುಯೆಲ್ ಲ ರೊಯ್ ಲಾದುರಿಯವರು 1975ರಲ್ಲಿ ಪ್ರಕಟಿಸಿದ ‘ಮೊಂತಾಯು’ ಎಂಬ ಗ್ರಂಥ ಇಂದಿಗೂ ಓದಿಸಿಕೊಳ್ಳುತ್ತದೆ. ಪಿರನೀಸ್ ಪರ್ವತಗಳ ಮಡಿಲಲ್ಲಿ, ಫುವಾ ಪ್ರಾಂತದಲ್ಲಿ, ಇನ್ನೂರೈವತ್ತು ಜನರೂ ಇಲ್ಲದ ಒಂದು ಕುರಿಗಾಹಿ ಹಳ್ಳಿಯ ಮೂವತ್ತು ವರ್ಷಗಳ ಬಾಳುವೆಯನ್ನು ಅದು ಬಿಚ್ಚಿಡುತ್ತದೆ. 1294ರಿಂದ 1324ರ ವರೆಗಿನ ಅವಧಿ ಅದರ ವ್ಯಾಪ್ತಿ. ಬಾರ್ಬರಾ ಬ್ರೇ ಅವರು 1978ರಲ್ಲಿ ಮಾಡಿದ ಇಂಗ್ಲಿಷ್ ಅನುವಾದದ ಮೂಲಕ ಅದು ನಮ್ಮ ಗ್ರಂಥಾಲಯಗಳನ್ನೂ ಮುಟ್ಟಿದೆ. ಆ ಅನುವಾದವು ಮೂಲದ ಸಂಕ್ಷಿಪ್ತ ರೂಪವೆಂಬುದನ್ನು ಓದುಗರು ನೆನಪಿನಲ್ಲಿಡಬೇಕು.

ಗ್ರಂಥದ ಸೊಗಸನ್ನು ಮೊದಲು ಒಪ್ಪಿಕೊಳ್ಳೋಣ. ಮೊಂತಾಯುವಿನಲ್ಲಿ ‘ಮನೆ’ ಎಂದರೆ ಗೋಡೆ, ಮಾಡು ಮಾತ್ರವಲ್ಲ. ವಂಶ, ಆಸ್ತಿ, ಮಾನ, ಅದೃಷ್ಟ ಎಲ್ಲವೂ ಆ ಒಂದೇ ಪದದೊಳಗಿವೆ. ನಡುವೆ ಒಲೆ ಉರಿಯುವ ಅಡುಗೆಮನೆಯೇ ಅದರ ಹೃದಯ. ಜಾನುವಾರುಗಳಿಗೂ ಅದೇ ಸೂರಿನಡಿ ಜಾಗ. ಮನೆಯ ಯಜಮಾನ ತೀರಿಕೊಂಡಾಗ ಅವನ ಕೂದಲನ್ನೂ ಉಗುರನ್ನೂ ಸ್ವಲ್ಪ ಕತ್ತರಿಸಿ ಇಟ್ಟುಕೊಳ್ಳುತ್ತಿದ್ದರು. ಇಲ್ಲವಾದರೆ ಮನೆಯ ಭಾಗ್ಯ ಅವನೊಡನೆ ಹೊರಟುಹೋಗುತ್ತದೆಂಬ ನಂಬಿಕೆ. ಊರಿನ ಪಾದ್ರಿ ಪಿಯೇರ್ ಕ್ಲೆರ್ಗನ ತಂದೆ ಸತ್ತಾಗಲೂ ಹೀಗೆಯೇ ಮಾಡಲಾಯಿತು. ಹೆಂಗಸರು ಬಿಸಿಲಿಗೆ ಕುಳಿತು ಒಬ್ಬರ ತಲೆಯ ಹೇನನ್ನು ಇನ್ನೊಬ್ಬರು ಹೆಕ್ಕುತ್ತ ಊರಿನ ಸುದ್ದಿಯನ್ನೆಲ್ಲ ಮಾತನಾಡುತ್ತಿದ್ದರು. ಹೇನು ಹೆಕ್ಕಿಸಿಕೊಳ್ಳುವುದು ಅಲ್ಲಿ ಸಲುಗೆಯ ಗುರುತು. ಪಾದ್ರಿಯೂ ತನ್ನ ಪ್ರೇಯಸಿಯರ ಕೈಗೆ ತಲೆ ಒಡ್ಡುತ್ತಿದ್ದ. ಕುರುಬರು ಚಳಿಗಾಲಕ್ಕೆ ಮಂದೆಗಳೊಂದಿಗೆ ಬೆಟ್ಟ ದಾಟಿ ಕತಲಾನ್ ಪ್ರದೇಶಕ್ಕೆ ಇಳಿದು, ಬೇಸಗೆಯಲ್ಲಿ ಮತ್ತೆ ಮೇಲೆ ಬರುತ್ತಿದ್ದರು. ಕಾಲವನ್ನು ಅವರು ಎಣಿಸುತ್ತಿದ್ದುದು ಸಂತರ ಹಬ್ಬಗಳಿಂದ, ಸುಗ್ಗಿಯಿಂದ. ಇಂಥ ವಿವರಗಳನ್ನು ಲಾದುರಿ ಒಂದರ ಪಕ್ಕಕ್ಕೊಂದು ಜೋಡಿಸುವ ರೀತಿಯಲ್ಲಿ ನಿಜವಾದ ಪ್ರೀತಿಯಿದೆ. ಹಿಂದಿನ ತಲೆಮಾರಿನ ಚರಿತ್ರಕಾರರು ಗೋಧಿಯ ಬೆಲೆ, ಗುತ್ತಿಗೆಯ ದರಗಳಿಂದ ರೈತನನ್ನು ಕಟ್ಟಲು ಹೊರಟಿದ್ದರೆ, ಇಲ್ಲಿ ರೈತನೇ ಬಾಯಿಬಿಟ್ಟು ಮಾತನಾಡುತ್ತಾನೆ.

ಆದರೆ ಆತ ಯಾರೆದುರು ಬಾಯಿಬಿಟ್ಟ? ಗ್ರಂಥದ ತೊಡಕು ಇರುವುದು ಇಲ್ಲಿಯೇ.

ಈ ಎಲ್ಲ ವಿವರಗಳ ಆಕರ ಒಂದೇ: ಪಾಮಿಯೇಯ ಬಿಷಪ್ ಜಾಕ್ ಫೂರ್ನಿಯೇ ನಡೆಸಿದ ವಿಚಾರಣೆಗಳ ಲ್ಯಾಟಿನ್ ದಾಖಲೆ. ಬಡ ಕುಟುಂಬದಿಂದ ಬಂದ ಈ ಸಿಸ್ಟರ್ಸಿಯನ್ ಸಂನ್ಯಾಸಿ 1317ರಲ್ಲಿ ಬಿಷಪನಾದ. 1318ರಿಂದ 1325ರ ನಡುವೆ ಅವನ ನ್ಯಾಯಾಸನ 370 ದಿನ ಕುಳಿತಿತು. 98 ಪ್ರಕರಣಗಳಲ್ಲಿ 578 ಬಾರಿ ವಿಚಾರಣೆ ನಡೆಯಿತು. ಆ ಬೆಟ್ಟಗಳಲ್ಲಿ ಕ್ಯಾಥರ್ ಪಂಥ ಕೊನೆಯುಸಿರೆಳೆಯುತ್ತಿದ್ದ ಕಾಲವದು. ಈ ಲೋಕದ ಭೌತವಸ್ತುವೆಲ್ಲ ಕೆಟ್ಟ ಶಕ್ತಿಯ ಸೃಷ್ಟಿಯೆಂದು ನಂಬಿದ್ದ ಆ ಪಂಥವನ್ನು ಬೇರುಸಹಿತ ಕೀಳುವುದೇ ವಿಚಾರಣೆಯ ಉದ್ದೇಶವಾಗಿತ್ತು. ಮುಂದೆ ಫೂರ್ನಿಯೇ ಕಾರ್ಡಿನಲನಾಗಿ, 1334ರಲ್ಲಿ ಹನ್ನೆರಡನೆಯ ಬೆನೆಡಿಕ್ಟ್ ಎಂಬ ಹೆಸರಿನಿಂದ ಪೋಪನಾದುದರಿಂದ ಅವನ ದಾಖಲೆ ಉಳಿದುಕೊಂಡು ವ್ಯಾಟಿಕನ್ ಗ್ರಂಥಾಲಯವನ್ನು ಸೇರಿತು. ಜಾನ್ ದ್ಯುವೆರ್ನ್ವಾ ಅವರು 1965ರಲ್ಲಿ ಅದನ್ನು ಮೂರು ಸಂಪುಟಗಳಲ್ಲಿ ಸಂಪಾದಿಸಿದ ಮೇಲೆಯೇ ಲಾದುರಿಯವರ ಕೆಲಸ ಸಾಧ್ಯವಾದದ್ದು.

ಲಾದುರಿ ಈ ಬಿಷಪನ ವಿಷಯದಲ್ಲಿ ಒಂದು ಬಗೆಯ ಬೆರಗನ್ನು ಮುಚ್ಚಿಡುವುದಿಲ್ಲ. ಸಿಮೆನೊನನ ಕಾದಂಬರಿಗಳ ಪತ್ತೇದಾರ ಮೇಗ್ರೆಗೆ ಅವನನ್ನು ಹೋಲಿಸುತ್ತಾರೆ. ಫೂರ್ನಿಯೇ ಚಿತ್ರಹಿಂಸೆಯನ್ನು ಬಳಸಿದ್ದು ಕುಷ್ಠರೋಗಿಗಳ ಮೇಲಿನ 1321ರ ಪ್ರಕರಣದಲ್ಲಿ ಮಾತ್ರ ಎಂಬುದನ್ನು ಎತ್ತಿ ಹೇಳುತ್ತಾರೆ. ಅದು ನಿಜವೂ ಹೌದು. ಆದರೆ ಕೊರಡೆ ಹಿಡಿಯದ ಮಾತ್ರಕ್ಕೆ ನ್ಯಾಯಾಸನವು ಹರಟೆಯ ಕಟ್ಟೆಯಾಗುವುದಿಲ್ಲ. 1308ರಲ್ಲಿಯೇ ಕಾರ್ಕಸೋನಿನ ವಿಚಾರಣಾಧಿಕಾರಿ ಮೊಂತಾಯುವಿನ ವಯಸ್ಕರನ್ನೆಲ್ಲ ಒಟ್ಟಿಗೆ ಹಿಡಿಸಿದ್ದ. ಆ ನೆನಪು ಹಳ್ಳಿಗೆ ಹಸಿಯಾಗಿಯೇ ಇತ್ತು. ಪಾಮಿಯೇಗೆ ಬಂದವರ ಎದುರಿಗೆ ಇದ್ದುದು ಸಂಕೋಲೆ ಮತ್ತು ಸೆರೆ, ಆಸ್ತಿಯ ಜಪ್ತಿ, ಬಟ್ಟೆಯ ಮೇಲೆ ಹೊಲಿದುಕೊಳ್ಳಬೇಕಾದ ಹಳದಿ ಶಿಲುಬೆ. ಐವರು ಸುಡಲ್ಪಟ್ಟರು. ಅವರಲ್ಲಿ ನಾಲ್ವರು ವಾಲ್ಡೆನ್ಸಿಯನರು, ಒಬ್ಬ ಮೊಂತಾಯುವಿನವನು. ವಾಲ್ಡೆನ್ಸಿಯನ್ ಸಭಾಸೇವಕ ರೇಮೊನ್ ದ ಲ ಕೋತ್ ಮತ್ತು ಅವನೊಡನಿದ್ದ ಆಗ್ನೆಸ್ ಎಂಬ ಸ್ತ್ರೀ 1320ರ ಮೇ 1ರಂದು ಬೆಂಕಿಗೆ ಆಹುತಿಯಾದರು. ಅವರು ಆಣೆಯಿಡಲು ಒಪ್ಪಿರಲಿಲ್ಲ. ಆಣೆಯನ್ನೇ ಇಡಬೇಡಿರೆಂದು ಕರ್ತನು ಬೆಟ್ಟದ ಮೇಲೆ ಹೇಳಿದ್ದನ್ನು ಅವರು ಹೇಳಿದಂತೆಯೇ ನಂಬಿದ್ದರು. ಲಾದುರಿಯವರಿಗೆ ಇವರು ಹಳ್ಳಿಯ ಚಿತ್ರದ ಅಂಚಿಗೆ ಬೀಳುವವರು. ದೇವಶಾಸ್ತ್ರದ ಓದುಗನು ಇವರನ್ನು ಅಂಚಿನಲ್ಲಿ ಬಿಟ್ಟು ಮುಂದೆ ಹೋಗಲಾರ.

ಮಾತುಗಳು ನಮ್ಮನ್ನು ತಲುಪಿದ ದಾರಿಯನ್ನೂ ನೋಡಬೇಕು. ಹಳ್ಳಿಗರು ಆಡಿದ್ದು ಆಕ್ಸಿತಾನ್ ನುಡಿಯಲ್ಲಿ. ಲಿಪಿಕಾರ ಬರೆದುಕೊಂಡಿದ್ದು ಲ್ಯಾಟಿನಿನಲ್ಲಿ. ಅದನ್ನು ಮತ್ತೆ ಆಡುನುಡಿಯಲ್ಲಿ ಓದಿ ಹೇಳಿ ಒಪ್ಪಿಗೆ ಪಡೆದ ಮೇಲೆ ಚರ್ಮದ ಹಾಳೆಗೆ ಪ್ರತಿ. ಈ ನಡುವೆ ಬಿಷಪನ ಪ್ರಶ್ನೆಗಳು ಬಹಳ ಕಡೆ ಉದುರಿಹೋಗಿ, ಉತ್ತರಗಳು ‘ಅವಳು ಹೀಗೆಂದಳು’ ಎಂಬ ರೂಪದಲ್ಲಿ ನಿಂತಿವೆ. ಲಾದುರಿ ಅವನ್ನು ಅನೇಕ ಕಡೆ ‘ನಾನು’ ಎಂದು ತಿರುಗಿಸಿ ನೇರ ಮಾತಾಗಿಸುತ್ತಾರೆ. ಓದಲು ಹಿತವಾಗಿರುತ್ತದೆ, ನಿಜ. ಆದರೆ ಪ್ರಶ್ನೆ ಮರೆಯಾದೊಡನೆ ಉತ್ತರವು ತಾನಾಗಿ ಹರಿದ ಮಾತಿನಂತೆ ತೋರುತ್ತದೆ. ಗ್ರಾಜೀದ್ ಎಂಬ ಇಪ್ಪತ್ತೊಂದರ ತರುಣಿ, ಪಾದ್ರಿ ಕ್ಲೆರ್ಗನೊಡನೆ ತನಗಿದ್ದ ಸಂಬಂಧ ಇಬ್ಬರಿಗೂ ಹಿತವಾಗಿದ್ದಷ್ಟು ಕಾಲ ಪಾಪವೆನಿಸಲಿಲ್ಲ ಎಂಬ ಅರ್ಥದಲ್ಲಿ ಹೇಳಿದಳಂತೆ. ಇದನ್ನು ಹಳ್ಳಿಯ ನೀತಿಸಿದ್ಧಾಂತವೆಂದು ಓದುವ ಮೊದಲು, ಆ ಸೂಕ್ಷ್ಮ ಪ್ರಶ್ನೆಯನ್ನು ಅವಳಿಗೆ ಮೊದಲ ಸಲ ಹಾಕಿದವರು ಯಾರು ಎಂದು ಕೇಳಬೇಡವೇ? ಮಾನವಶಾಸ್ತ್ರಜ್ಞ ರೆನಾಟೊ ರೊಸಾಲ್ಡೊ 1986ರ ತಮ್ಮ ಪ್ರಬಂಧದಲ್ಲಿ ಇದೇ ನೆಲೆಯಿಂದ ಆಕ್ಷೇಪಿಸಿದರು: ವಿಚಾರಣಾಧಿಕಾರಿಯ ಅಧಿಕಾರವನ್ನು ಮುನ್ನುಡಿಯಲ್ಲಿ ಒಪ್ಪಿಕೊಂಡು ಆಮೇಲೆ ಮರೆಸಿಬಿಡಲಾಗಿದೆ ಎಂಬುದು ಅವರ ವಾದದ ತಿರುಳು. ಅದಕ್ಕೂ ಮುಂಚೆ ಡೊಮಿನಿಕನ್ ವಿದ್ವಾಂಸ ಲಿಯೊನಾರ್ಡ್ ಬಾಯ್ಲ್ ಅವರು ಲ್ಯಾಟಿನ್ ಮೂಲದೊಂದಿಗೆ ಗ್ರಂಥವನ್ನು ಹೋಲಿಸಿ ಹಲವು ತಪ್ಪು ಓದುಗಳನ್ನು ತೋರಿಸಿದ್ದರು.

ಈ ಎರಡೂ ಆಕ್ಷೇಪಗಳು ಸರಿ. ಆದರೆ ಅವು ಚರಿತ್ರೆಯ ವಿಧಾನಕ್ಕೆ ಸಂಬಂಧಿಸಿದವು. ದೇವಶಾಸ್ತ್ರದ ಕಡೆಯಿಂದ ಕೇಳಬೇಕಾದ ಇನ್ನೊಂದು ಮಾತು ಉಳಿದಿದೆ.

1215ರ ನಾಲ್ಕನೆಯ ಲ್ಯಾಟರನ್ ಮಹಾಸಭೆಯ ಇಪ್ಪತ್ತೊಂದನೆಯ ವಿಧಿಯು ಪ್ರತಿಯೊಬ್ಬ ವಿಶ್ವಾಸಿಯೂ ವರ್ಷಕ್ಕೊಮ್ಮೆಯಾದರೂ ತನ್ನ ಸ್ವಂತ ಪಾದ್ರಿಯ ಬಳಿ ಪಾಪನಿವೇದನೆ ಮಾಡಬೇಕೆಂದು ಕಟ್ಟಳೆ ಮಾಡಿತು; ಕೇಳಿದ ಪಾದ್ರಿ ಅದನ್ನು ಯಾವ ರೀತಿಯಲ್ಲೂ ಹೊರಗೆಡಹಕೂಡದೆಂದೂ ವಿಧಿಸಿತು. ಅಂದರೆ ಫೂರ್ನಿಯೇಯ ಕಾಲಕ್ಕೆ ಸಭೆಗೆ ಎರಡು ಕಿವಿಗಳಿದ್ದವು. ಒಂದು ಕೇಳಿ ಮುಚ್ಚಿಟ್ಟುಕೊಳ್ಳುವ ಕಿವಿ. ಇನ್ನೊಂದು ಕೇಳಿ ಬರೆಸಿಡುವ ಕಿವಿ. ಮೊಂತಾಯುವಿನಲ್ಲಿ ಮೊದಲನೆಯದರ ಸ್ಥಿತಿ ಏನಾಗಿತ್ತು? ಅಲ್ಲಿನ ‘ಸ್ವಂತ ಪಾದ್ರಿ’ ಪಿಯೇರ್ ಕ್ಲೆರ್ಗ್. ಆತ ಕ್ಯಾಥರರ ಒಳಮಿತ್ರ, ಕಾರ್ಕಸೋನಿನ ವಿಚಾರಣಾಧಿಕಾರಿಗಳಿಗೆ ಸುದ್ದಿ ಮುಟ್ಟಿಸುವವನು, ಊರಿನ ಹೆಣ್ಣುಮಕ್ಕಳ ಬೆನ್ನುಹತ್ತಿದವನು. ಬೆಯಾತ್ರಿಸ್ ದ ಪ್ಲಾನಿಸೋಲ್ ಎಂಬ ವಿಧವೆ, ಹಿಂದೆ ಅಲ್ಲಿನ ಕೋಟೆಯ ಒಡತಿಯಾಗಿದ್ದವಳು, ತಪಸ್ಸುಕಾಲದಲ್ಲಿ ಪಾಪನಿವೇದನೆಗೆಂದು ಅವನ ಮುಂದೆ ಮೊಣಕಾಲೂರಿದಾಗ ಅವನು ಅವಳನ್ನು ತಬ್ಬಿಕೊಂಡು ತನ್ನ ಆಸೆಯನ್ನು ಹೇಳಿದ. ಅವಳು ದಿಗ್ಭ್ರಮೆಗೊಂಡು ಏನನ್ನೂ ನಿವೇದಿಸದೆ ಎದ್ದು ಹೋದಳು. ಮುಂದೆ ಅವನ ಪ್ರೇಯಸಿಯೂ ಆದಳು. ಆ ದಿನ ಹೇಳದೆ ಉಳಿದ ನಿವೇದನೆ ಸುಮಾರು ಇಪ್ಪತ್ತು ವರ್ಷಗಳ ನಂತರ ಪಾಮಿಯೇಯಲ್ಲಿ, ಲಿಪಿಕಾರನ ಲೇಖನಿಯ ಎದುರಿಗೆ, ಹೊರಬಿತ್ತು.

ಲಾದುರಿ ಈ ಪ್ರಸಂಗವನ್ನು ಪ್ರಣಯದ ಅಧ್ಯಾಯದಲ್ಲಿ ಹೇಳುತ್ತಾರೆ, ಸ್ವಲ್ಪ ರಸಿಕತೆಯಿಂದಲೇ ಹೇಳುತ್ತಾರೆ. ನನಗೆ ಅದು ಇಡೀ ಗ್ರಂಥದ ಬೀಗದ ಕೈಯಂತೆ ಕಾಣುತ್ತದೆ. ಮೊಂತಾಯುವಿನ ದೈನಂದಿನ ಬದುಕಿನ ಬಗ್ಗೆ ನಮಗೆ ಇಷ್ಟೊಂದು ಗೊತ್ತಿರುವುದಕ್ಕೆ ಕಾರಣ, ಗುಟ್ಟು ಕಾಯಬೇಕಾಗಿದ್ದ ಕಿವಿ ಅಲ್ಲಿ ಕೆಟ್ಟುಹೋಗಿದ್ದುದು. ಒಳ್ಳೆಯ ಸಭಾಪಾಲಕನಿದ್ದ ಪಕ್ಕದ ಹಳ್ಳಿಯ ಹೆಂಗಸು ತನ್ನ ಸಂಶಯವನ್ನು ಅವನಿಗೆ ಹೇಳಿ, ಸಾಂತ್ವನ ಪಡೆದು, ಮನೆಗೆ ಹೋಗಿ ರೊಟ್ಟಿ ಸುಟ್ಟಿರಬಹುದು. ಅಂಥವಳು ಚರಿತ್ರೆಗೆ ದಕ್ಕುವುದಿಲ್ಲ. ದಕ್ಕದವರನ್ನು ಇಲ್ಲದವರೆಂದು ಎಣಿಸುವುದು ಇಂಥ ಆಕರಗಳನ್ನು ಓದುವವರಿಗೆ ಸದಾ ಕಾಡುವ ಅಪಾಯ. ಲಾದುರಿಯವರ ಹಳ್ಳಿಗರು ಪಾದ್ರಿಗಳನ್ನು ಹಳಿಯುತ್ತಾರೆ, ಫೂರ್ನಿಯೇ ಬಿಗಿಗೊಳಿಸಿದ ಕುರಿಮರಿಗಳ ದಶಮಾಂಶಕ್ಕಾಗಿ ಹಲ್ಲು ಕಡಿಯುತ್ತಾರೆ. ಇದೆಲ್ಲ ದಾಖಲೆಯಲ್ಲಿ ಇದೆ, ಸಂಶಯವಿಲ್ಲ. ಆದರೆ ಇದೇ ಬೆಯಾತ್ರಿಸ್ ಹೆರಿಗೆಯ ನಂತರ ಬಣ್ಣದ ಮೇಣದಬತ್ತಿಯೊಂದನ್ನು ತಾನೇ ಮಾಡಿ ಮಾತೆ ಮರಿಯಳ ಗುಡಿಗೆ ಒಪ್ಪಿಸಿದ್ದಳು. ಕ್ಲೆರ್ಗನೂ ತನ್ನ ತಾಯಿಯನ್ನು ಆ ಗುಡಿಯ ಬಲಿಪೀಠದ ಬಳಿಯೇ ಹೂಳಿಸಿದ. ಇವು ವಿಚಾರಣೆಯ ಬಲೆಗೆ ಅಕಸ್ಮಾತ್ ಸಿಕ್ಕಿದ ಎಳೆಗಳು. ಯಾರೂ ತಪ್ಪೆಂದು ಎಣಿಸದ ಭಕ್ತಿಯನ್ನು ವಿಚಾರಿಸುವ ಗೋಜಿಗೆ ಬಿಷಪನೇಕೆ ಹೋಗುತ್ತಾನೆ?

ಇದೇ ತೊಡಕು ನಮ್ಮ ಮನೆಯಂಗಳದಲ್ಲಿಯೂ ಇದೆ. 1834ರಲ್ಲಿ ಮಂಗಳೂರಿಗೆ ಬಂದ ಬಾಸೆಲ್ ಮಿಷನಿನ ಪಾದ್ರಿಗಳು ತಮ್ಮ ಸಂಸ್ಥೆಗೆ ಕಳುಹಿಸಿದ ವರದಿಗಳು ಕರಾವಳಿಯ ಆದಿ ಕ್ರೈಸ್ತರ ಬದುಕಿಗೆ ಮುಖ್ಯ ಆಕರ. ಅವು ವಿಚಾರಣೆಯ ದಾಖಲೆಗಳಲ್ಲ; ಹೋಲಿಕೆಯನ್ನು ಅಲ್ಲಿಯ ವರೆಗೆ ಎಳೆಯುವುದು ಅನ್ಯಾಯ. ಆದರೂ ಹಳೆಯ ಸಭಾದಾಖಲೆಗಳನ್ನು ಓದುವ ನಮ್ಮ ಸಂಶೋಧನಾ ವಿದ್ಯಾರ್ಥಿಗಳು ಶಿಸ್ತುಕ್ರಮಕ್ಕೆ ಒಳಗಾದವರ ಹೆಸರು ಪುಟಗಟ್ಟಲೆ ಸಿಗುತ್ತದೆಂದು ಬೆರಗಾಗುವುದುಂಟು. ಬರೆಯುವ ಕಿವಿಗೆ ಏನು ಬೇಕಾಗಿತ್ತು ಎಂಬ ಪ್ರಶ್ನೆಯನ್ನು ಅಲ್ಲಿಯೂ ಮೊದಲು ಕೇಳಬೇಕು.

ಗ್ರಂಥದ ಅತ್ಯಂತ ಶ್ರೀಮಂತ ಭಾಗಕ್ಕೆ ಬರುತ್ತೇನೆ. ಇಬ್ಬರು ತಾಯಂದಿರ ಕಥೆಗಳಿವೆ. ಲಾದುರಿ ಅವನ್ನು ಬೇರೆ ಬೇರೆ ಕಡೆ ಇಟ್ಟಿದ್ದಾರೆ. ನನ್ನ ಮಟ್ಟಿಗೆ ಅವನ್ನು ಒಟ್ಟಿಗೆ ಓದಬೇಕು.

ಆರ್ಕ್ ಎಂಬ ಊರಿನ ಸಿಬೀಲ್ ಪಿಯೇರಳ ಮಗಳು ಜಾಕೋತ್, ಇನ್ನೂ ವರ್ಷ ತುಂಬದ ಕೂಸು, ಕಾಯಿಲೆ ಬಿದ್ದು ಸಾಯುವ ಹಾಗಾಯಿತು. ಕ್ಯಾಥರ್ ಪಂಥದ ‘ಪರಿಪೂರ್ಣ’ರಲ್ಲೊಬ್ಬನಾದ ಪ್ರಾದ್ ತಾವೆರ್ನಿಯೇ ಬಂದು ಅದಕ್ಕೆ ಅಂತಿಮ ಸಂಸ್ಕಾರವನ್ನು ಕೊಟ್ಟ. ತಿಳಿವಳಿಕೆ ಬಂದವರಿಗೆ ಮಾತ್ರ ಸಲ್ಲಬೇಕಾದ ಆ ಸಂಸ್ಕಾರವನ್ನು ಎಳೆಗೂಸಿಗೆ ಕೊಟ್ಟದ್ದು ಅವರ ಪಂಥದ ನಿಯಮಕ್ಕೂ ಹೊರತು. ಅದನ್ನು ಪಡೆದವರು ಮಾಂಸ, ಹಾಲು, ಮೊಟ್ಟೆಗಳನ್ನು ಮುಟ್ಟುವಂತಿಲ್ಲ, ಏಕೆಂದರೆ ಅವೆಲ್ಲ ದೇಹದ ಸಂತತಿಯಿಂದ ಬಂದವು. ಆದ್ದರಿಂದ ಮಗುವಿಗೆ ಮೊಲೆಹಾಲನ್ನೂ ಕೊಡಕೂಡದೆಂದು ಆಜ್ಞೆಯಾಯಿತು. ಗಂಡನಿಗೆ ಸಂತೋಷ: ಮಗಳು ಈಗ ಸತ್ತರೆ ದೇವದೂತಳಾಗುತ್ತಾಳೆ. ಗಂಡಸರು ಹೊರಗೆ ಹೋದೊಡನೆ ಸಿಬೀಲ್ ಮಗುವನ್ನು ಎದೆಗೆ ಹಚ್ಚಿಕೊಂಡಳು. ತಿಳಿದ ಗಂಡ ಸಿಟ್ಟಾದ, ಬಹುಕಾಲ ತಾಯಿಮಗಳಿಬ್ಬರಿಂದಲೂ ಮುಖ ತಿರುಗಿಸಿಕೊಂಡ. ಜಾಕೋತ್ ಇನ್ನೊಂದು ವರ್ಷ ಬದುಕಿದಳು. ಮಧ್ಯಯುಗದವರಿಗೆ ಮಕ್ಕಳ ಮೇಲೆ ಇಂದಿನ ಮಮತೆ ಇರಲಿಲ್ಲವೆಂಬ, ಫಿಲಿಪ್ ಆರಿಯೆಸರ ಹೆಸರಿನೊಂದಿಗೆ ಹರಡಿದ ವಾದವನ್ನು ಲಾದುರಿ ಈ ಕಥೆಯಿಂದ ಅಲುಗಿಸುತ್ತಾರೆ; ಸಮರ್ಥವಾಗಿಯೇ ಅಲುಗಿಸುತ್ತಾರೆ.

ಎರಡನೆಯವಳು ಮೆರ್ವಿಯೆಲ್ ಎಂಬ ಊರಿನ ಓಡ್ ಫೋರೆ. ಹೆಂಗಸೊಬ್ಬಳು ಮನೆ ಸೇರುವ ಮುನ್ನವೇ ಬೀದಿಯಲ್ಲಿ ಹೆತ್ತಳೆಂಬ ಸುದ್ದಿ ಅವಳ ಕಿವಿಗೆ ಬಿತ್ತು. ಆ ಹೆರಿಗೆಯ ನೆತ್ತರು, ಮಾಸು, ಮೈಲಿಗೆಗಳ ನೆನಪು ಅವಳನ್ನು ಬಿಡಲಿಲ್ಲ. ಪೂಜೆಯಲ್ಲಿ ಗುರುಗಳು ರೊಟ್ಟಿಯನ್ನು ಎತ್ತಿದಾಗ, ಕ್ರಿಸ್ತನ ದೇಹವೂ ಇಂಥದರಲ್ಲಿಯೇ ಹೊರಳಿ ಬಂದಿತಲ್ಲವೇ ಎಂಬ ಯೋಚನೆ ಅಡ್ಡಬಂದು, ಅಲ್ಲಿ ಕರ್ತನ ದೇಹವಿದೆಯೆಂದು ನಂಬಲಾರದೆ ಹೋದಳು. ಪ್ರಾರ್ಥನೆ ನಿಂತಿತು. ಅವಳು ಊರಿನ ಹಿರಿಯ ಹೆಂಗಸನ್ನು ಕೇಳಿದಳು: ರೊಟ್ಟಿಯನ್ನು ಎತ್ತುವಾಗ ನೀವು ಏನೆಂದು ಪ್ರಾರ್ಥಿಸುತ್ತೀರಿ? ಆಕೆ ಉತ್ತರವಾಗಿ ಒಂದು ಪವಾಡದ ಕಥೆ ಹೇಳಿದಳು. ಬಲಿಪೀಠದ ರೊಟ್ಟಿ ಸುಟ್ಟವಳೊಬ್ಬಳು, ತಾನು ಸುಟ್ಟದ್ದು ದೇವರ ದೇಹವಾಗುವುದುಂಟೇ ಎಂದು ನಕ್ಕಳಂತೆ. ಪಾದ್ರಿ ಪ್ರಾರ್ಥಿಸಿದಾಗ ರೊಟ್ಟಿ ಮಗುವಿನ ಬೆರಳಾಗಿ, ದ್ರಾಕ್ಷಾರಸ ನೆತ್ತರಾಗಿ ತೋರಿತಂತೆ. ಮಹಾ ಗ್ರೆಗೊರಿಯ ಹೆಸರಿನಲ್ಲಿ ಪ್ರಚಲಿತವಾಗಿದ್ದ ಐತಿಹ್ಯವೇ ಬಾಯಿಂದ ಬಾಯಿಗೆ ಹರಿದು ಈ ಬೆಟ್ಟದೂರಿಗೆ ಬಂದಿತ್ತು. ಓಡಳಿಗೆ ಮಾಂಸದಿಂದಲೇ ಹೇಸಿಗೆಯಾಗಿರುವಾಗ ಇನ್ನಷ್ಟು ಮಾಂಸದ ಕಥೆ! ಒಳ್ಳೆಯ ಮನಸ್ಸಿನಿಂದ ಕೊಟ್ಟ ತಪ್ಪು ಔಷಧಿ ಎನ್ನದೆ ವಿಧಿಯಿಲ್ಲ.

ಲಾದುರಿಯವರ ವರ್ಗೀಕರಣದಲ್ಲಿ ಮೊದಲನೆಯದು ಬಾಲ್ಯದ ವಿಷಯ, ಎರಡನೆಯದು ಮನೋಭಾವದ ವಿಷಯ. ನಮಗೆ ಎರಡೂ ಒಂದೇ ವಿಷಯ. ದೇವರು ದೇಹವನ್ನು ಮಾಡಿದನೇ, ಮಾಡಿದ್ದನ್ನು ತಾನೇ ಧರಿಸಿದನೇ ಎಂಬ ಪ್ರಶ್ನೆಯನ್ನು ಆ ಬೆಟ್ಟಗಳಲ್ಲಿ ಮೊಲೆಹಾಲಿನಿಂದಲೂ ಹೆರಿಗೆಯ ಮಾಸಿನಿಂದಲೂ ಚರ್ಚಿಸಲಾಗುತ್ತಿತ್ತು. ಸಿಬೀಲ್ ಯಾವ ಸೂತ್ರವನ್ನೂ ಉಚ್ಚರಿಸದೆ ಎದೆಯ ಹಾಲಿನಿಂದ ಕ್ಯಾಥರ್ ಬೋಧನೆಯನ್ನು ನಿರಾಕರಿಸಿದಳು. ಓಡ್ ಕ್ಯಾಥರಳಲ್ಲ, ಸಭೆಯ ವಿಶ್ವಾಸಿ. ಆದರೆ ಅವಳ ಸಂಕಟ ಮಾರ್ಸಿಯೋನನ ಸಂಕಟವೇ. ಸುಮಾರು 1,100 ವರ್ಷಗಳ ಹಿಂದೆಯೇ ತೆರ್ತುಲ್ಲಿಯನನು ‘ಕ್ರಿಸ್ತನ ಮಾಂಸವನ್ನು ಕುರಿತು’ ಎಂಬ ತನ್ನ ಕೃತಿಯಲ್ಲಿ ಗರ್ಭದ ಕೊಳೆಯನ್ನೂ ಹೆರಿಗೆಯ ಹೇಸಿಗೆಯನ್ನೂ ಬೇಕೆಂದೇ ವಿಸ್ತಾರವಾಗಿ ವರ್ಣಿಸಿ, ಕ್ರಿಸ್ತನು ಪ್ರೀತಿಸಿದ ಮನುಷ್ಯನು ಹೀಗೆ ಹುಟ್ಟುವ ಮನುಷ್ಯನೇ ಎಂದು ಮಾರ್ಸಿಯೋನನಿಗೆ ಉತ್ತರ ಕೊಟ್ಟಿದ್ದ. ಆ ಉತ್ತರ ಸಭೆಯ ಬಳಿ ಇತ್ತು. ಅದು ಮೆರ್ವಿಯೆಲ್ಲಿನ ವರೆಗೆ ನಡೆದು ಬರಲಿಲ್ಲ. ಓಡ್ ತನ್ನ ಮನೆಯ ಹೆಂಗಸರನ್ನು ತನಗಾಗಿ ಪ್ರಾರ್ಥಿಸಿರೆಂದು ಬೇಡಿಕೊಂಡಳು. ಆಮೇಲೆ ಅವಳ ಸಂಶಯ ನ್ಯಾಯಾಸನದ ಕಡತವಾಯಿತು. ಧರ್ಮವನ್ನು ‘ಮನೋಭಾವ’ದ ಒಂದು ವಿಭಾಗವಾಗಿ ಮಾತ್ರ ನೋಡುವ ಲಾದುರಿಯವರ ದೃಷ್ಟಿಗೆ ಈ ದುರಂತ ಪೂರ್ತಿ ಕಾಣುವುದಿಲ್ಲ. ಹಳ್ಳಿಯವಳ ಮಾತಿನಲ್ಲಿ ಮೌಢ್ಯವೋ ಮನೋವ್ಯಾಧಿಯೋ ಇದೆಯೆಂದು ಹುಡುಕುವವನು, ಅದರಲ್ಲಿರುವ ಮನುಷ್ಯಾವತಾರದ ನಿಜವಾದ ಪ್ರಶ್ನೆಯನ್ನು ಕೇಳಿಸಿಕೊಳ್ಳಲಾರ.

ಸತ್ತವರ ವಿಷಯವನ್ನು ಲಾದುರಿ ಚೆನ್ನಾಗಿ ಬರೆದಿದ್ದಾರೆ, ಅದನ್ನು ಇಲ್ಲಿ ಹೆಚ್ಚು ಹಿಗ್ಗಿಸುವುದಿಲ್ಲ. ಪಾಮಿಯೇಯ ಆರ್ನೋ ಜೆಲಿಸ್ ಎಂಬಾತ ಸತ್ತವರೊಡನೆ ಮಾತನಾಡಿ ಅವರ ಬೇಡಿಕೆಗಳನ್ನು ಬದುಕಿದವರಿಗೆ ತಲುಪಿಸುತ್ತಿದ್ದ. ನಮ್ಮ ಸುತ್ತ ಆತ್ಮಗಳು ಗುಂಪುಗುಂಪಾಗಿ ಓಡಾಡುವುದರಿಂದ ಕೈ ಬೀಸಿ ನಡೆಯಬಾರದು, ಅವು ಬಿದ್ದಾವು ಎಂದು ಅವನು ಎಚ್ಚರಿಸುತ್ತಿದ್ದನಂತೆ. ಇದನ್ನೆಲ್ಲ ತಾಳ್ಮೆಯಿಂದ ಕೇಳಿ ಬರೆಸಿಕೊಂಡ ಬಿಷಪನೇ ಮುಂದೆ ಪೋಪನಾಗಿ, 1336ರ ಜನವರಿಯಲ್ಲಿ, ಶುದ್ಧರಾದ ನೀತಿವಂತರ ಆತ್ಮಗಳು ಅಂತ್ಯದಿನಕ್ಕೆ ಕಾಯದೆ ದೇವರನ್ನು ಮುಖಾಮುಖಿಯಾಗಿ ಕಾಣುತ್ತವೆಂಬ ಪ್ರಸಿದ್ಧ ನಿರ್ಣಯವನ್ನು ಹೊರಡಿಸಿದ. ಅದಕ್ಕೆ ನೇರ ಕಾರಣ ಅವನ ಹಿಂದಿನ ಪೋಪ್ ಇಪ್ಪತ್ತೆರಡನೆಯ ಯೋಹಾನನ ಬೋಧನೆಗಳು ಎಬ್ಬಿಸಿದ ವಿವಾದ. ಆದರೂ ಆ ನಿರ್ಣಯವನ್ನು ಬೋಧಿಸುವ ಉಪಾಧ್ಯಾಯರು ಅದರ ಕರ್ತೃವು ಒಂದು ಕಾಲದಲ್ಲಿ ಜೆಲಿಸನ ಎದುರಿಗೆ ಕುಳಿತಿದ್ದನೆಂಬುದನ್ನೂ ಹೇಳಿದರೆ ಪಾಠಕ್ಕೆ ಜೀವ ಬಂದೀತು.

ಹಾಗಾದರೆ ಈ ಗ್ರಂಥವನ್ನು ನಮ್ಮ ವಿದ್ಯಾರ್ಥಿಗಳ ಕೈಗೆ ಕೊಡಬೇಕೇ? ಖಂಡಿತವಾಗಿ. ಮಧ್ಯಯುಗದ ವಿಶ್ವಾಸಿಯನ್ನು ಇಷ್ಟು ಹತ್ತಿರ ತಂದು ನಿಲ್ಲಿಸುವ ಇನ್ನೊಂದು ಪುಸ್ತಕವನ್ನು ನಾನು ಕಂಡಿಲ್ಲ. ಆದರೆ ಮನೆ, ಮಂದೆ, ಪ್ರಣಯಗಳ ಅಧ್ಯಾಯಗಳಿಗೆ ಹೋಗುವ ಮೊದಲು ಫೂರ್ನಿಯೇಯ ಕುರಿತಾದ ಪೀಠಿಕೆಯನ್ನು ಎರಡು ಸಲ ಓದಿಸಬೇಕು, ಓದುತ್ತಿರುವಾಗಲೂ ‘ಈ ಮಾತು ಯಾವ ಪ್ರಶ್ನೆಗೆ ಬಂದ ಉತ್ತರ?’ ಎಂದು ಅಂಚಿನಲ್ಲಿ ಬರೆದುಕೊಳ್ಳಲು ಹೇಳಬೇಕು. ಲಾದುರಿಯವರ ಶೈಲಿ ಮೋಹಕವಾದುದರಿಂದ ಈ ಎಚ್ಚರ ಬೇಗ ಜಾರಿಹೋಗುತ್ತದೆ. ಮೊದಲ ಓದಿನಲ್ಲಿ ನನ್ನಿಂದಲೂ ಜಾರಿತ್ತು.

ಬೆಯಾತ್ರಿಸಳನ್ನು ಹಿಡಿದಾಗ ಅವಳ ಚೀಲದಲ್ಲಿ ಕೆಲವು ವಸ್ತುಗಳು ಸಿಕ್ಕಿದವು. ಮೊಮ್ಮಕ್ಕಳ ಒಣಗಿದ ಹೊಕ್ಕುಳಬಳ್ಳಿ, ಮಗಳ ಮೊದಲ ಮುಟ್ಟಿನ ಬಟ್ಟೆ, ಸಾಂಬ್ರಾಣಿಯ ಹರಳು, ಒಂದು ಕನ್ನಡಿ, ಬಟ್ಟೆಯಲ್ಲಿ ಸುತ್ತಿದ ಒಂದು ಚಾಕು. ಮಾಟದ ಸಾಮಗ್ರಿ ಎಂದು ವಿಚಾರಣಾಧಿಕಾರಿಗಳಿಗೆ ಸಂಶಯ. ಮುಟ್ಟಿನ ಬಟ್ಟೆ ಅಳಿಯನಿಗೆ ಮಗಳ ಮೇಲಿನ ಪ್ರೀತಿ ಮಾಸದಿರಲೆಂದು, ಹೊಕ್ಕುಳಬಳ್ಳಿ ವ್ಯಾಜ್ಯದಲ್ಲಿ ಸೋಲಾಗದಿರಲೆಂದು ಎಂಬುದು ಅವಳ ವಿವರಣೆ. 1321ರ ಮಾರ್ಚ್ 8ರಂದು ಅವಳಿಗೆ ಸೆರೆವಾಸ ವಿಧಿಸಲಾಯಿತು. 1322ರ ಜುಲೈ 4ರಂದು, ಹಳದಿ ಶಿಲುಬೆ ಧರಿಸಬೇಕೆಂಬ ಕಟ್ಟಳೆಯೊಂದಿಗೆ, ಬಿಡುಗಡೆಯಾಯಿತು. ಅಲ್ಲಿಂದ ಮುಂದೆ ಅವಳು ಎಲ್ಲಿಗೆ ಹೋದಳು, ಯಾರೊಡನೆ ಏನು ಮಾತನಾಡಿದಳು ಎಂಬುದರ ಬಗ್ಗೆ ಆ ದಾಖಲೆಯಲ್ಲಿ ಒಂದು ಸಾಲೂ ಇಲ್ಲ.